ತಕ್ಕಡಿ ಸಾಹೇಬರು ಮನೆ ತೋರಿಸಿದ್ದು

ಆ ಗಲ್ಲಿಯಲ್ಲಿ ನೆಟ್ಟಗೆ ಒಂದು ನೌಕರಿ ಮಾಡಿ ನಿವೃತ್ತರಾದವರು ಒಬ್ಬರೇ ಒಬ್ಬರು. ಮಿಕ್ಕವರೆಲ್ಲ ಕಲಾವಿದರು. ಒಬ್ಬ ಚಿತ್ರ ಬರೆಯುತ್ತಿದ್ದ, ಒಬ್ಬ ತುತ್ತೂರಿ ಊದುತ್ತಿದ್ದ, ಒಬ್ಬಾಕೆ ಒಳ್ಳೆಯ ಕುರ್ಚಿಗಳನ್ನು ಮುರಿದು ಯಾರೂ ಕೂರಲಾಗದ ಹಾಗೆ ಮತ್ತೆ ಜೋಡಿಸುತ್ತಿದ್ದಳು. ಬೇಕರಿಯವನೂ ಸುಮ್ಮನೆ ಬ್ರೆಡ್ ಮಾಡುತ್ತಿರಲಿಲ್ಲ, ಅದರ ಮೇಲೆ ಹೂಬಳ್ಳಿ ಕೊರೆಯುತ್ತಿದ್ದ. ಇಂಥವರ ನಡುವೆ, ಹನ್ನೆರಡನೆಯ ನಂಬರಿನ ಬಾಡಿಗೆ ಮನೆಯಲ್ಲಿ, ಇಪ್ಪತ್ತಾರು ವರ್ಷದಿಂದ ಇದ್ದವರು ನಮ್ಮ ತಕ್ಕಡಿ ಸಾಹೇಬರು.

ತೂಕ ಮತ್ತು ಅಳತೆ ಇಲಾಖೆಯಲ್ಲಿ ಇನ್‌ಸ್ಪೆಕ್ಟರಾಗಿ ಮೂವತ್ತೊಂದು ವರ್ಷ ಅಂಗಡಿ ಅಂಗಡಿಗೆ ಹೋಗಿ ತಕ್ಕಡಿಗಳನ್ನು ಪರೀಕ್ಷಿಸಿದ್ದರಿಂದ ಬಂದ ಹೆಸರು ಅದು. ಅವರ ಮಟ್ಟಿಗೆ ಲೋಕದಲ್ಲಿ ಇರುವುದು ಎರಡೇ ಬಗೆ. ದೋಷ ಇದ್ದರೆ ಬರೆದುಕೊಳ್ಳಬೇಕು, ಇಲ್ಲದಿದ್ದರೆ ಮುಂದಿನ ಅಂಗಡಿಗೆ ಹೋಗಬೇಕು. ಸರಿಯಾಗಿದ್ದುದಕ್ಕೆ ಶಭಾಸ್ ಅನ್ನುವ ಕಲಂ ಇಲಾಖೆಯ ಯಾವ ಫಾರಮ್ಮಿನಲ್ಲೂ ಇರಲಿಲ್ಲ. ಹೆಂಡತಿಯ ಅಡುಗೆಗೂ ಅದೇ ನಿಯಮ. "ಉಪ್ಪು ಎರಡು ಗ್ರಾಂ ಹೆಚ್ಚು" ಎಂದರೆ ಹೆಚ್ಚು. ಏನೂ ಅನ್ನದೆ ತಟ್ಟೆ ಖಾಲಿ ಮಾಡಿ ಎದ್ದರೆ, ಚೆನ್ನಾಗಿತ್ತು ಎಂದು ಆಕೆಯೇ ತಿಳಿದುಕೊಳ್ಳಬೇಕು. ಮೂವತ್ತೆಂಟು ವರ್ಷದಿಂದ ಆಕೆ ತಿಳಿದುಕೊಳ್ಳುತ್ತಲೇ ಬಂದಿದ್ದರು.

ಮನೆಯ ನಡುಕೋಣೆಯ ಗೋಡೆಯಲ್ಲಿ ಒಂದು ಬಿರುಕಿತ್ತು. ಸಾಹೇಬರು ವರ್ಷಕ್ಕೊಮ್ಮೆ ಅದರ ತುದಿಗೆ ಪೆನ್ಸಿಲಿನಿಂದ ಗೆರೆ ಎಳೆದು ಪಕ್ಕದಲ್ಲಿ ತಾರೀಕು ಬರೆಯುತ್ತಿದ್ದರು. ಮಾಡು ಸೋರುವ ಜಾಗಕ್ಕೆ, ಬಾಗಿಲು ಉಜ್ಜುವ ನೆಲಕ್ಕೆ, ಬಗ್ಗಿದ ಕಿಟಕಿಗೆ ಎಲ್ಲಕ್ಕೂ ಹೀಗೆಯೇ ಗುರುತು ಇತ್ತು. ಮಕ್ಕಳಿಲ್ಲದ ಮನೆಯಲ್ಲಿ ಗೋಡೆಯ ಮೇಲಿನ ಬರಹವೆಲ್ಲ ಅವರದೇ.

ಒಂದು ದಿನ ಬೇರೆ ಊರಿನಲ್ಲಿ ಮಗಳ ಜೊತೆ ಇದ್ದ ಮನೆಯೊಡತಿಯ ಫೋನು ಬಂತು. ಆಕೆಯನ್ನು ಸಾಹೇಬರು ನೋಡಿ ಇಪ್ಪತ್ತು ವರ್ಷವಾಗಿತ್ತು. "ನಂಗೂ ವಯಸ್ಸಾಯ್ತು. ಆ ಮನೆ ವಿಷಯ ಏನಾದ್ರೂ ಒಂದು ತೀರ್ಮಾನ ಮಾಡ್ಬೇಕು" ಎಂದರು. ಸಾಹೇಬರು "ಹೂಂ" ಎಂದರು. ಆ ಕಡೆಯವರು ಸ್ವಲ್ಪ ಹೊತ್ತು ಕಾದು ಫೋನು ಇಟ್ಟರು. ಅಂದಿನಿಂದ ಸಾಹೇಬರಿಗೆ ಊಟ ರುಚಿಸಲಿಲ್ಲ. ಈ ವಯಸ್ಸಿನಲ್ಲಿ ಇಬ್ಬರೂ ಗಂಟುಮೂಟೆ ಕಟ್ಟಿಕೊಂಡು ಎಲ್ಲಿಗೆ ಹೋಗುವುದು ಎನ್ನುವ ಒಂದೇ ಚಿಂತೆ ತಲೆ ತಿನ್ನತೊಡಗಿತು.

ಆ ಶನಿವಾರ ಬೆಳಗ್ಗೆ ಹತ್ತು ಗಂಟೆಗೆ ಸಾಹೇಬರು ಅರ್ಧ ಗಡ್ಡಕ್ಕೆ ಸೋಪು ಹಚ್ಚಿಕೊಂಡು ಕಿಟಕಿಯ ಬಳಿ ನಿಂತಿದ್ದಾಗ ಹೊರಗೆ ಹದಿನೈದು ಜನ ನಿಂತು ಮನೆಯನ್ನೇ ನೋಡುತ್ತಿದ್ದರು. ಮುಂದೆ ಹಳದಿ ಕೊಡೆ ಎತ್ತಿ ಹಿಡಿದ ಒಬ್ಬ ಹುಡುಗಿ.

"ಈ ಮನೆಗೆ ನೂರಹತ್ತು ವರ್ಷ. ಗೋಡೆ ಎರಡಡಿ ದಪ್ಪ. ಮಹಡಿಗೆ ಹಾಕಿರೋದು ಗಟ್ಟಿ ಮರ. ಇಂಥ ಮನೆ ಈ ಗಲ್ಲೀಲಿ ಇನ್ನೊಂದು ಉಳಿದಿಲ್ಲ," ಎನ್ನುತ್ತಿದ್ದಳು ಅವಳು.

ಸಾಹೇಬರ ಕೈಯಿಂದ ರೇಜರು ಜಾರಿ ಬಕೆಟಿಗೆ ಬಿತ್ತು.

ನಿಜ ಸಂಗತಿ ಏನೆಂದರೆ, ಆ ಹುಡುಗಿ ಗೈಡು. ಊರು ನೋಡಲು ಬಂದವರನ್ನು ಪ್ರತಿ ಶನಿವಾರ ಈ ಗಲ್ಲಿಯಲ್ಲಿ ಕಾಲ್ನಡಿಗೆಯಲ್ಲಿ ಸುತ್ತಿಸಿ, ಹಳೆಯ ಕಟ್ಟಡಗಳ ಕಥೆ ಹೇಳಿ, ಅಲ್ಲಲ್ಲಿ ಒಂದು ತುತ್ತು ತಿನ್ನಿಸಿ ಕಳಿಸುವುದು ಅವಳ ಕೆಲಸ. ಇದು ಗಲ್ಲಿಗೆಲ್ಲ ಗೊತ್ತಿತ್ತು. ಬೇಕರಿಯ ಗೋಡೆಗೆ ಅಂಗೈ ಅಗಲದ ಅಕ್ಷರದಲ್ಲಿ ಚೀಟಿ ಅಂಟಿಸಿತ್ತು. ಆದರೆ ಸಾಹೇಬರು ಬೇಕರಿಗೆ ಹೋದರೆ ನೋಡುತ್ತಿದ್ದುದು ಒಂದನ್ನೇ, ತಕ್ಕಡಿಯ ಮುಳ್ಳನ್ನು. ಹಾಗಾಗಿ ಅವರ ಕಣ್ಣಿಗೆ ಆ ಹುಡುಗಿ ಮನೆ ದಲ್ಲಾಳಿಯಾಗಿಯೂ ಹದಿನೈದು ಜನ ಹದಿನೈದು ಗಿರಾಕಿಗಳಾಗಿಯೂ ಕಂಡರು.

ಮಧ್ಯಾಹ್ನವೇ ಅವರು ಹೆಂಡತಿಯ ತಮ್ಮನನ್ನು ಕರೆಸಿದರು. ಅವನು ಕೋರ್ಟಿನ ಎದುರು ಮರದ ಕೆಳಗೆ ಕೂತು ಅರ್ಜಿ ಟೈಪ್ ಮಾಡುವವನು. ಇಪ್ಪತ್ತು ವರ್ಷ ಬೇರೆಯವರ ಅರ್ಜಿ ಟೈಪ್ ಮಾಡಿದ್ದರಿಂದ ಕಾನೂನನ್ನು ಅರೆದು ಕುಡಿದಿದ್ದೇನೆ ಎಂಬ ಧೈರ್ಯ ಅವನಿಗಿತ್ತು.

"ಆ ಅಮ್ಮನಿಗೆ ಫೋನ್ ಮಾಡಿ ಕೇಳಿಬಿಡ್ಲೇನೋ?" ಎಂದರು ಸಾಹೇಬರು.

"ಭಾವ, ಆ ತಪ್ಪು ಮಾತ್ರ ಮಾಡ್ಬೇಡಿ. ಕೇಳಿದ್ರೆ ನಿಮಗೆ ವಿಷಯ ಗೊತ್ತು ಅಂತಾಗುತ್ತೆ. ಗೊತ್ತಾದ್ಮೇಲೆ ಸುಮ್ಮನಿದ್ರೆ ಒಪ್ಪಿದ ಹಾಗೆ. ಅದಕ್ಕೆ ಗೊತ್ತೇ ಇಲ್ಲದ ಹಾಗಿರಿ. ಬಂದವರಿಗೆ ಮನೆ ದೋಷ ಹೇಳಿ. ಸುಳ್ಳೊಂದು ಹೇಳ್ಬೇಡಿ, ಕೇಸಾಗುತ್ತೆ. ಇರೋ ದೋಷಾನೇ ಹೇಳಿ."

ಇರುವ ದೋಷ ಹೇಳುವುದಕ್ಕೆ ಸಾಹೇಬರಿಗೆ ಯಾರ ಪಾಠವೂ ಬೇಕಿರಲಿಲ್ಲ. ಈಜು ಬಲ್ಲವನನ್ನು ಕೆರೆಗೆ ನೂಕಿದ ಹಾಗಾಯಿತು.

ಮುಂದಿನ ಶನಿವಾರ ಹತ್ತು ಗಂಟೆಗೆ ಸಾಹೇಬರು ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಅಳತೆ ಟೇಪು ಹಿಡಿದು ಹೊಸಿಲ ಮೇಲೆ ನಿಂತಿದ್ದರು. ಹಳದಿ ಕೊಡೆ ಬಂತು. ಹುಡುಗಿ "ಈ ಮನೆಗೆ ನೂರಹತ್ತು..." ಎನ್ನುತ್ತಿದ್ದ ಹಾಗೆಯೇ ಸಾಹೇಬರು ಕೈ ಎತ್ತಿದರು.

"ನೋಡಮ್ಮ, ಅರ್ಧ ಹೇಳಬಾರದು. ನೂರಹತ್ತು ವರ್ಷ ಅಂದ್ಮೇಲೆ ಅದರಲ್ಲಿ ಕೊನೇ ಇಪ್ಪತ್ತಾರು ವರ್ಷ ಏನೇನಾಯ್ತು ಅಂತಾನೂ ಹೇಳ್ಬೇಕು. ಎಲ್ಲರೂ ಒಳಗೆ ಬನ್ನಿ. ತಲೆ ಬಗ್ಗಿಸಿ, ಬಾಗಿಲು ನಾಲ್ಕು ಸೆಂಟಿಮೀಟರ್ ಇಳಿದಿದೆ."

ಹುಡುಗಿ ಆ ಕೆಲಸಕ್ಕೆ ಸೇರಿ ಒಂದು ತಿಂಗಳಾಗಿತ್ತಷ್ಟೆ. ಗಲ್ಲಿಯವರು ತಾವಾಗಿ ಮಾತಾಡಿಸಿದರೆ ಅಡ್ಡಿ ಮಾಡಬೇಡ ಎಂದು ಅವಳ ಆಫೀಸಿನವರು ಹೇಳಿದ್ದರು. ಅವಳು ಸಂತೋಷದಿಂದ ಕೊಡೆ ಮಡಿಸಿದಳು.

ಸಾಹೇಬರು ಬಿರುಕಿನ ಮುಂದೆ ನಿಂತರು. "ಮೂವತ್ತಾರು ಸೆಂಟಿಮೀಟರ್. ಶುರುವಾದದ್ದು ಎದುರು ಮನೆಗೆ ಪಿಯಾನೋ ಬಂದ ದಿನ. ಹಗ್ಗ ಕಟ್ಟಿ ಮೂರನೇ ಮಹಡಿಗೆ ಎಳೀತಿದ್ರು. ಹಗ್ಗ ಹರೀತು. ಪಿಯಾನೋ ರಸ್ತೇಲಿ, ಬಿರುಕು ನಮ್ಮನೇಲಿ. ಆ ಪಿಯಾನೋದವನು ಆಮೇಲೆ ತುತ್ತೂರಿ ಕಲಿತ." ಮುಂದೆ ಸೋರುವ ಜಾಗ. "ಇಲ್ಲಿ ಗಂಟೆಗೆ ಇನ್ನೂರು ಮಿಲಿಲೀಟರ್. ಜೋರು ಮಳೆಯಾದ್ರೆ ಆರುನೂರು. ಮೇಲೆ ಒಬ್ಬ ಶಿಲ್ಪಿ ಇದ್ದ, ಹೆಂಚಿನ ಮೇಲೆ ಕೂತು ಕಲ್ಲು ಕೆತ್ತಿದ್ರೆ ಒಳ್ಳೇ ಬೆಳಕು ಅಂತಿದ್ದ. ಹೆಂಚು ಅವನ ಮಾತು ಒಪ್ಪಲಿಲ್ಲ."

ಒಂದೊಂದು ದೋಷಕ್ಕೂ ಜನ ಹೌದಾ ಹೌದಾ ಎಂದು ತಲೆಯಾಡಿಸುತ್ತ ಒಬ್ಬರ ಭುಜದ ಮೇಲಿಂದ ಒಬ್ಬರು ಇಣುಕಿದರು. ಪೆನ್ಸಿಲ್ ಗುರುತುಗಳ ಫೋಟೋ ತೆಗೆದರು. ಕೊನೆಗೆ ಚಪ್ಪಾಳೆ ತಟ್ಟಿದರು. ಒಬ್ಬರು ಸಾಹೇಬರ ಕೈ ಹಿಡಿದು "ಇಂಥ ಮನೆ ಸಿಗಬೇಕಾದ್ರೆ ಪುಣ್ಯ ಮಾಡಿರ್ಬೇಕು" ಎಂದರು.

ಸಾಹೇಬರು ಕುರ್ಚಿಯಲ್ಲಿ ಕುಸಿದು ಕೂತರು. "ಸೋರೋದು ಹೇಳಿದ್ರೂ ಬೇಕಂತಾರಲ್ಲೇ. ಇವರ್ಯಾರೋ ದುಡ್ಡಿನ ಮದದವರು," ಎಂದು ಹೆಂಡತಿಗೆ ಹೇಳಿದರು.

"ಯಾರಾದ್ರೇನು, ಮನೆಗೆ ಬಂದವರು. ಒಂದು ಲೋಟ ನೀರೂ ಕೊಡದೆ ಕಳಿಸಿದ್ರಲ್ಲ, ನಂಗೆ ತಲೆ ತಗ್ಗಿಸೋ ಹಾಗಾಯ್ತು," ಎಂದರು ಆಕೆ.

ಮೂರನೆಯ ಶನಿವಾರಕ್ಕೆ ಸಾಹೇಬರು ಹೊಸ ಹೂಟ ಹೂಡಿದರು. ಮೊದಲು ತುತ್ತೂರಿಯವನ ಮನೆಗೆ ಹೋದರು.

"ಶನಿವಾರ ಹತ್ತು ಗಂಟೆಗೆ ಕಿಟಕಿ ತೆಗೆದು ನಮ್ಮನೆ ಕಡೆ ತಿರುಗಿ ಊದ್ಬೇಕು. ಎಷ್ಟು ಕೆಟ್ಟದಾಗಿ ಆಗುತ್ತೋ ಅಷ್ಟು."

ತುತ್ತೂರಿಯವನು ಯೋಚಿಸಿದ. "ಬೇಕೂಂತ ಕೆಟ್ಟದಾಗಿ ಊದೋದು ಕಷ್ಟ ಸಾಹೇಬ್ರೇ. ಅಭ್ಯಾಸ ಬೇಕು."

"ದಿನಾ ಊದ್ತೀಯಲ್ಲಪ್ಪ, ಹಾಗೇ ಊದು. ಸಾಕು."

ಆಮೇಲೆ ಹೆಂಡತಿಗೆ, "ಆ ಹೊತ್ತಿಗೆ ಸರಿಯಾಗಿ ನಾಲ್ಕು ಬದನೆಕಾಯಿ ಕೆಂಡದ ಮೇಲಿಟ್ಟು ಕರಕಲು ಮಾಡು. ಮನೆಯೆಲ್ಲ ಹೊಗೆ ತುಂಬಬೇಕು," ಎಂದರು.

ಆಕೆ ಬದನೆಕಾಯಿ ಸುಟ್ಟದ್ದು ನಿಜ. ಹೊಗೆ ಎದ್ದದ್ದೂ ನಿಜ. ಆದರೆ ಮೂವತ್ತೆಂಟು ವರ್ಷ ಅಡುಗೆ ಮಾಡಿದ ಕೈ, ಸುಟ್ಟದ್ದನ್ನು ಸುಮ್ಮನೆ ಬಿಸಾಡಲು ಒಪ್ಪಲಿಲ್ಲ. ಸಿಪ್ಪೆ ಸುಲಿದು, ಬೆಳ್ಳುಳ್ಳಿ ಉಪ್ಪು ಹಾಕಿ ಅರೆದು, ನಿಂಬೆಹಣ್ಣು ಹಿಂಡಿ, ಬೇಕರಿಯ ಬ್ರೆಡ್ಡಿನ ಮೇಲೆ ಸವರಿದರು. ಮುಂದಿನ ಬಾಗಿಲಲ್ಲಿ ಸಾಹೇಬರು ದೋಷಗಳ ಪಟ್ಟಿ ಮುಗಿಸಿ ಗಿರಾಕಿಗಳನ್ನು ಹಿತ್ತಿಲ ಕಡೆಯಿಂದ ಹೊರಹಾಕಿದರೆ, ಅಲ್ಲಿ ಆಕೆ ತಟ್ಟೆ ಹಿಡಿದು ನಿಂತಿದ್ದರು. ಈ ಸಲ ಬಂದವರು ಮೂವತ್ತು ಜನ. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಅನ್ನುವುದು ಇಂಥ ಸಂಸಾರವನ್ನು ನೋಡಿಯೇ ಇರಬೇಕು. ತುತ್ತೂರಿಯವನಂತೂ, ಬದುಕಿನಲ್ಲಿ ಮೊದಲ ಸಲ ಮೂವತ್ತು ಜನ ತನ್ನ ಕಿಟಕಿಯ ಕೆಳಗೆ ನಿಂತು ಕೇಳುವುದನ್ನು ಕಂಡು, ಇದ್ದಕ್ಕಿದ್ದಂತೆ ಚೆನ್ನಾಗಿ ಊದಿಬಿಟ್ಟ. ಆಮೇಲೆ ಸಾಹೇಬರ ಕೈ ಹಿಡಿದು ಕ್ಷಮೆ ಕೇಳಿದ.

ಬೇಕರಿಯವನು ಸಿಕ್ಕಿದಾಗ, "ಏನ್ ಸಾಹೇಬ್ರೇ, ನನ್ನ ಅಂಗಡೀಗಿಂತ ನಿಮ್ಮನೇನೇ ಜನಕ್ಕೆ ಇಷ್ಟವಂತೆ" ಎಂದ. ಸಾಹೇಬರಿಗೆ ಅದು ಗಾಯದ ಮೇಲೆ ಉಪ್ಪು ಸವರಿದ ಹಾಗಾಯಿತು. ಅವರು ಬ್ರೆಡ್ಡು ತೂಗಿಸಿಕೊಂಡು ಬಂದರು.

ಹೆಂಡತಿಯ ತಮ್ಮ ಮತ್ತೆ ಬಂದ. ಈ ಸಲ ಟೈಪ್‌ರೈಟರನ್ನೇ ಹೊತ್ತು ತಂದಿದ್ದ. "ಭಾವ, ಇನ್ನಿರೋದು ಬ್ರಹ್ಮಾಸ್ತ್ರ ಒಂದೇ. ಈ ಮನೆ ಅಪಾಯಕಾರಿ ಅಂತ ನಗರಸಭೆಗೆ ಅರ್ಜಿ ಹಾಕೋಣ. ನಗರಸಭೆ ಕಡತದಲ್ಲಿ ಅಪಾಯ ಅಂತ ಬಿದ್ದ ಮನೇನ ಯಾವ ಹುಚ್ಚನೂ ಕೊಳ್ಳಲ್ಲ." ಅವನು ಟಕಟಕನೆ ಹೊಡೆದು ಓದಿದ: "ಸದರಿ ಮನೆಯು ಯಾವ ಕ್ಷಣದಲ್ಲಾದರೂ ಬೀಳಬಹುದಾಗಿದೆ."

"ಯಾವ ಕ್ಷಣ ಅಂತ ನಿಖರವಾಗಿ ಹೇಳೋಕಾಗಲ್ವಲ್ಲೋ."

"ಅದೇ ಭಾವ ಅದರ ಬಲ. ನೀವು ಸಹಿ ಹಾಕಿ."

ಹೊರಗೆ ಹೋಗುವ ಮಾರಿಯನ್ನು ಮನೆಗೆ ಕರೆದ ಹಾಗಾಗುತ್ತದೆ ಎಂದು ಅಡುಗೆಮನೆಯಿಂದ ಹೆಂಡತಿ ಹೇಳಿದರು. ಅಷ್ಟರಲ್ಲಿ ಸಹಿ ಬಿದ್ದಿತ್ತು. ನಗರಸಭೆಯಲ್ಲಿ ಸಾಮಾನ್ಯವಾಗಿ ಅರ್ಜಿಗಳು ವರ್ಷಗಟ್ಟಲೆ ಮಲಗುತ್ತವೆ. ಆದರೆ ದೋಷಗಳನ್ನು ಅಳತೆ, ತಾರೀಕು, ನಕ್ಷೆ ಸಮೇತ ಕೊಟ್ಟ ಅರ್ಜಿ ಆ ಕಚೇರಿಗೆ ಹಿಂದೆಂದೂ ಬಂದಿರಲಿಲ್ಲವಂತೆ. ಅದನ್ನು ನೋಡಿದ ಎಂಜಿನಿಯರಿಗೆ ಕಣ್ಣು ತುಂಬಿ ಬಂತೆಂದು ಆಮೇಲೆ ಯಾರೋ ಹೇಳಿದರು. ಅವರು ಅದೇ ಶನಿವಾರ, ಹತ್ತು ಗಂಟೆಗೆ, ಸುತ್ತಿಗೆ ಹಿಡಿದು ಖುದ್ದಾಗಿ ಬಂದರು.

ಅವರ ಹಿಂದೆಯೇ ಹಳದಿ ಕೊಡೆಯೂ ಬಂತು. ನಲವತ್ತು ಜನ. ಎಲ್ಲರಿಗಿಂತ ಹಿಂದೆ ಊರುಗೋಲು ಹಿಡಿದ ಒಬ್ಬ ಮುದುಕಿ, ಪಕ್ಕದಲ್ಲಿ ಆಕೆಯ ಮಗಳು. ಸಾಹೇಬರು ಅತ್ತ ಗಮನ ಕೊಡಲಿಲ್ಲ.

ಎಂಜಿನಿಯರು ಗೋಡೆಗೆ ಎರಡು ಕಡೆ ಸುತ್ತಿಗೆಯಿಂದ ತಟ್ಟಿದರು, ಅರ್ಜಿ ಓದಿದರು, ಕಿಸೆಯಿಂದ ಪೆನ್ನು ತೆಗೆದರು. "ಬಹಳ ಅಚ್ಚುಕಟ್ಟಾಗಿ ಬರೆದಿದ್ದೀರಿ. ನಾನು ಹೊಸದಾಗಿ ಏನೂ ನೋಡಬೇಕಾಗಿಲ್ಲ. ನಿಮ್ಮ ಮಾತಿನ ಮೇಲೇ ಆದೇಶ ಕೊಡ್ತೀನಿ. ಹದಿನೈದು ದಿನದಲ್ಲಿ ಖಾಲಿ ಮಾಡಿ."

"ಯಾರು?"

"ನೀವು. ಯಾವ ಕ್ಷಣದಲ್ಲಾದ್ರೂ ಬೀಳೋ ಮನೇಲಿ ಜನ ಇರೋ ಹಾಗಿಲ್ವಲ್ಲ."

ಅರ್ಜಿಯ ಫಲ ನೋಡಲೆಂದು ಬಂದು ನಿಂತಿದ್ದ ಹೆಂಡತಿಯ ತಮ್ಮನ ಕಡೆ ಸಾಹೇಬರು ನೋಡಿದರು. ಅವನು ಮಾಡಿನ ತೊಲೆಗಳನ್ನು ಎಣಿಸುತ್ತಿದ್ದ. ಅಡುಗೆಮನೆಯ ಬಾಗಿಲಲ್ಲಿ ಹೆಂಡತಿ ತಟ್ಟೆ ಹಿಡಿದು ನಿಂತಿದ್ದರು. ಆಕೆ ಕೋಣೆಯನ್ನೆಲ್ಲ ಒಮ್ಮೆ ಕಣ್ಣಲ್ಲೇ ಸುತ್ತಿ ಬರುವುದನ್ನು ಕಂಡ ಮೇಲೆ ಸಾಹೇಬರಿಗೆ ತಾವು ಇನ್‌ಸ್ಪೆಕ್ಟರು ಅನ್ನುವುದು ಮರೆತುಹೋಯಿತು.

"ಖಾಲಿ ಯಾಕ್ರೀ ಮಾಡ್ಬೇಕು? ಮನೆಗೇನಾಗಿದೆ?"

"ಬಿರುಕಿದೆ ಅಂತ ನೀವೇ ಬರೆದಿದ್ದೀರಿ."

"ಬಿರುಕಿದ್ರೇನು? ಗುರುತು ಓದಿ. ಹತ್ತೊಂಬತ್ತು ವರ್ಷದಿಂದ ಒಂದು ಕೂದಲೆಳೆಯಷ್ಟೂ ಮುಂದೆ ಹೋಗಿಲ್ಲ. ನಿಮ್ಮ ನಗರಸಭೆ ಕಟ್ಟಡ ಹೀಗೆ ಮಾತಿಗೆ ತಪ್ಪದೆ ನಿಂತಿದೆಯಾ?"

"ಮಾಡು ಸೋರುತ್ತೆ ಅಂತಿದೆ."

"ಸೋರೋದು ಒಂದೇ ಜಾಗದಲ್ಲಿ. ಆ ಜಾಗ ನಮಗೆ ಗೊತ್ತು, ಬಕೆಟಿಗೂ ಗೊತ್ತು. ಆ ನೀರಲ್ಲೇ ಇವಳು ಪುದೀನ ಬೆಳೀತಾಳೆ."

"ಬಾಗಿಲು ನಾಲ್ಕು ಸೆಂಟಿಮೀಟರ್ ಇಳಿದಿದೆ."

"ಅದು ಉಜ್ಜಿದ ಸದ್ದು ಕೇಳಿದ್ರೆ ನಾನು ಬಂದೆ ಅಂತ ಇವಳು ಒಲೆ ಹಚ್ತಾಳೆ. ಬಾಗಿಲು ರಿಪೇರಿ ಮಾಡಿಸಿದ್ರೆ ಇವಳಿಗೆ ಹೇಗ್ರೀ ಗೊತ್ತಾಗೋದು?" ಅವರು ಎಂಜಿನಿಯರ ಕೈಯಲ್ಲಿದ್ದ ಅರ್ಜಿಯನ್ನು ಬೆರಳಿನಿಂದ ತಟ್ಟಿದರು. "ಬರೆದದ್ದೆಲ್ಲ ನಿಜವೇ. ಆದ್ರೆ ಈ ಮನೆ ಬಿಟ್ಟು ನಾನೆಲ್ಲೂ ಹೋಗಲ್ಲ. ಇದನ್ನ ಯಾರೂ ಕೊಳ್ಳಬಾರದು ಅಂತಾನೇ ಅರ್ಜಿ ಹಾಕಿದ್ದು."

"ಯಾರು ಕೊಳ್ತಿದಾರೆ?" ಎಂದರು ಎಂಜಿನಿಯರು.

ಸಾಹೇಬರು ನಲವತ್ತು ಜನರ ಕಡೆ ಕೈ ತೋರಿಸಿದರು. ಹುಡುಗಿ ಗಾಬರಿಯಾದಳು. "ಕೊಳ್ಳೋಕಾ? ಸರ್, ನಾವು ಗಲ್ಲಿ ನೋಡೋಕೆ ಬರೋವ್ರು. ನಾವು ನಿಂತು ನೋಡೋ ಜಾಗಗಳಲ್ಲಿ ಬೇಕರಿ ಮೂರನೇದು, ನಿಮ್ಮನೆ ನಾಲ್ಕನೇದು. ಮೊದಲು ಹೊರಗಿಂದ ತೋರಿಸಿ ಹೋಗ್ತಿದ್ದೆ. ನೀವೇ ಒಳಗೆ ಕರೆದ್ರಿ. ಈಗ ಎಲ್ಲರೂ ನಿಮ್ಮನೆಗೋಸ್ಕರಾನೇ ಬರ್ತಾರೆ."

ಆ ಹೊತ್ತಿಗೆ ಭೂಮಿ ಬಾಯಿಬಿಟ್ಟಿದ್ದರೆ ಸಾಹೇಬರು ಅದರ ಆಳವನ್ನೂ ಅಳೆಯದೆ ಇಳಿದುಬಿಡುತ್ತಿದ್ದರು. ನಲವತ್ತು ಜನರಲ್ಲಿ ಒಬ್ಬರೂ ನಗಲಿಲ್ಲ, ಅದು ಅವರ ದೊಡ್ಡತನ. ಆಗ ಹಿಂದಿನಿಂದ ಊರುಗೋಲಿನ ಸದ್ದು ಕೇಳಿತು. ಜನ ದಾರಿ ಬಿಟ್ಟರು. ಮುದುಕಿ ಮುಂದೆ ಬಂದು ಸಾಹೇಬರ ಎದುರು ನಿಂತರು.

"ನಾನು ಕೊಳ್ಳೋಕೆ ಬಂದಿಲ್ಲ. ಮಾರೋಕೆ ಬಂದಿದ್ದೆ," ಎಂದರು ಮನೆಯೊಡತಿ.

ಆಕೆ ಎಂಜಿನಿಯರಿಗೆ ಸ್ವಲ್ಪ ತಾಳಿ ಎಂದು ಕೈಸನ್ನೆ ಮಾಡಿ, ಅಲ್ಲೇ ಇದ್ದ ಕುರ್ಚಿಯಲ್ಲಿ ಕೂತರು.

"ವರ್ಷದ ಮೊದಲನೇ ತಾರೀಕು ತಪ್ಪಿದರೂ ಇವರ ಕಾಗದ ತಪ್ಪಿದ್ದಿಲ್ಲ. ಮೊದಲನೇ ಕಾಗದದಲ್ಲಿ ಹನ್ನೊಂದು ದೋಷ. ಹೋದ ವರ್ಷದ್ದರಲ್ಲಿ ನಲವತ್ತಮೂರು. ರಿಪೇರಿಗೆ ಆಳು ಕಳಿಸಿದ್ರೆ, ಬೇಡ, ಬರೆದದ್ದು ನಿಮ್ಮ ಮಾಹಿತಿಗಾಗಿ ಮಾತ್ರ ಅಂತ ವಾಪಸ್ ಕಳಿಸ್ತಾರೆ. ನಾನೇನು ತಿಳ್ಕೋಬೇಕು? ಇಪ್ಪತ್ತಾರು ವರ್ಷದಿಂದ ಒಂದು ಸಂಸಾರ ನನ್ನ ಮನೇಲಿ ನರಳ್ತಾ ಇದೆ, ದಾಕ್ಷಿಣ್ಯಕ್ಕೆ ಬಿಟ್ಟು ಹೋಗ್ತಿಲ್ಲ ಅಂದ್ಕೊಂಡೆ. ಮಾರಿಬಿಟ್ರೆ ಅವರಿಗೂ ಬಿಡುಗಡೆ ಅಂತ ಫೋನ್ ಮಾಡಿದ್ರೆ ಹೂಂ ಅಂದ್ರು. ಮಾರೋ ಮುಂಚೆ ಒಂದ್ಸಲ ಮನೆ ನೋಡೋಣ ಅನ್ನಿಸ್ತು. ಬಾಗಿಲು ತಟ್ಟೋಕೆ ಮುಖ ಇರ್ಲಿಲ್ಲ. ಅದಕ್ಕೆ ಮಗಳು ಈ ಗುಂಪಲ್ಲಿ ಸೇರಿಸಿ ಕರ್ಕೊಂಡು ಬಂದ್ಲು."

"ನನಗ್ಯಾಕಮ್ಮ ಬಿಡುಗಡೆ? ನಾನು ಕೇಳಿದ್ನಾ?" ಎಂದರು ಸಾಹೇಬರು, ಸಣ್ಣ ದನಿಯಲ್ಲಿ.

"ಮತ್ತೆ ಆ ಕಾಗದಗಳೆಲ್ಲ ಏನು?"

"ಅದು ವರದಿ ಅಮ್ಮ."

"ಅದರಲ್ಲಿ ಮನೆ ಚೆನ್ನಾಗಿದೆ ಅಂತ ಒಂದು ಸಾಲು ಬರೀಬಾರದಿತ್ತಾ?"

"ಚೆನ್ನಾಗಿದ್ದದ್ದನ್ನ ಯಾರಾದ್ರೂ ಬರೀತಾರಾ?" ಎಂದರು ಸಾಹೇಬರು. ಅವರ ದನಿಯಲ್ಲಿ ನಿಜವಾದ ಆಶ್ಚರ್ಯವಿತ್ತು.

"ಹೇಳೋದೂ ಇಲ್ಲ," ಎಂದರು ಅಡುಗೆಮನೆಯ ಬಾಗಿಲಿನಿಂದ ಹೆಂಡತಿ. ಅಷ್ಟೇ ಅಂದು, ತಟ್ಟೆಯನ್ನು ಮೊದಲು ಮನೆಯೊಡತಿಗೆ ಹಿಡಿದರು. ಮನೆಯೊಡತಿ ಬದನೆಕಾಯಿ ಸವರಿದ ಬ್ರೆಡ್ಡು ಒಂದು ತಿಂದರು, ಇನ್ನೊಂದು ತೆಗೆದುಕೊಂಡರು. ಹೆಂಡತಿ ಎಂಜಿನಿಯರಿಗೂ ಕೊಟ್ಟರು. ಅವರು ಮೂರು ತಿಂದು, ಅರ್ಜಿಯ ಮೇಲೆ "ಬೀಳುವ ಲಕ್ಷಣ ಕಾಣುವುದಿಲ್ಲ" ಎಂದು ಬರೆದು, ಸುತ್ತಿಗೆ ಚೀಲಕ್ಕೆ ಹಾಕಿಕೊಂಡರು.

ಮನೆಯೊಡತಿ ಹೊರಡುವಾಗ ಹೊಸಿಲಲ್ಲಿ ತಿರುಗಿ ನಿಂತರು. "ಮಾರಲ್ಲ. ನೀವಿಬ್ಬರೂ ಇರೋ ತನಕ ಇದು ನಿಮ್ಮದೇ. ಆದ್ರೆ ನಂದೊಂದು ಶರತ್ತು. ಈ ಮನೇಲಿ ಸರಿಯಾಗಿರೋದು ಏನು ಅಂತ ನಂಗೆ ಒಂದು ಕಾಗದ ಬರಬೇಕು. ಈ ವಾರದಲ್ಲೇ. ನಿಮ್ಮ ಕೈಬರಹದಲ್ಲೇ."

ಮಾರನೆಯ ಬೆಳಗ್ಗೆ ಸಾಹೇಬರು ಕಾಗದ, ಪೆನ್ಸಿಲು ಹಿಡಿದು ಅಡುಗೆಮನೆಯ ಮೇಜಿನ ಮುಂದೆ ಕೂತರು. ತಾರೀಕು ಬರೆದರು. "ಒಂದು" ಎಂದು ಬರೆದರು. ಅಲ್ಲಿಂದ ಮುಂದೆ ಪೆನ್ಸಿಲು ಓಡಲಿಲ್ಲ. ಮೂವತ್ತೊಂದು ವರ್ಷದ ಸರ್ವೀಸಿನಲ್ಲಿ ಇಂಥ ಕಷ್ಟದ ಕೆಲಸ ಅವರಿಗೆ ಬಿದ್ದಿರಲಿಲ್ಲ. ಎದುರಿಗೆ ಹೆಂಡತಿ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದರು. ಸಾಹೇಬರು ಬಹಳ ಹೊತ್ತು ಆಕೆಯನ್ನು ನೋಡಿದರು, ಗಡಿಯಾರ ನೋಡಿದರು, ಕಿಟಕಿ ನೋಡಿದರು. ಕಿವಿ ಕೆಂಪಾಗಿ, ಬಗ್ಗಿ, ಒಂದೇ ಉಸಿರಿಗೆ ಬರೆದು ಮುಗಿಸಿ ಕಾಗದವನ್ನು ಮೇಜಿನ ಮೇಲೆ ಆ ಕಡೆಗೆ ಸರಿಸಿದರು.

ಹೆಂಡತಿ ಕೈ ಒರೆಸಿಕೊಂಡು ಎತ್ತಿ ಓದಿದರು. "ಅಡುಗೆಮನೆಯ ಕಿಟಕಿ. ಬೆಳಿಗ್ಗೆ ಏಳರಿಂದ ಎಂಟೂಕಾಲಿನವರೆಗೆ ಬಿಸಿಲು ಬೀಳುತ್ತದೆ. ಆ ಹೊತ್ತಿಗೆ ನನ್ನ ಹೆಂಡತಿ ಅಲ್ಲಿ ಕೂತಿರುತ್ತಾಳೆ. ನೋಡಲು ಚೆನ್ನಾಗಿರುತ್ತದೆ."

ಆಕೆ ಎರಡು ಸಲ ಓದಿದರು. ಸೆರಗಿನಿಂದ ಕಣ್ಣೊರೆಸಿಕೊಂಡರು. ಆಮೇಲೆ ಕಾಗದವನ್ನು ವಾಪಸು ಸರಿಸಿದರು.

"ಎಂಟೂವರೆ ತನಕ ಇರುತ್ತೆ ರೀ. ನೀವು ಬೇಗ ಎದ್ದು ಹೋಗ್ತೀರಿ."